ಸಿನೆಮಾ ಸುಂದರಿಯ ಕೈ

ನನ್ನ ಅಮ್ಮನ ಹೆಸರು ಸುಂದರಿ. ಕುಂಬಳೆ ಹತ್ತಿರದ ನಮ್ಮ ವಠಾರದಲ್ಲಿ ಅವಳನ್ನು ಎಲ್ಲರೂ ಕರೆಯುತ್ತಿದ್ದದ್ದು ಸಿನೆಮಾ ಸುಂದರಿ ಎಂದು. ಪ್ರೀತಿಯಿಂದಲ್ಲ, ಗೇಲಿಯಿಂದ.

ನನಗೆ ಐದು ವರ್ಷವಿದ್ದಾಗ ಒಂದು ಮಲಯಾಳಂ ಸಿನೆಮಾದವರು ಬಂದು ನಮ್ಮೂರಿನಲ್ಲಿ ಠಿಕಾಣಿ ಹೂಡಿದರು. ಬೀಡಿ ಕಟ್ಟುವ ಹೆಂಗಸರ ಕತೆಯಂತೆ. ನಮ್ಮಲ್ಲಿ ಮನೆಮನೆಯಲ್ಲೂ ಬೀಡಿಯೇ. ಬೆಳಿಗ್ಗೆ ಗಂಜಿ ಕುಡಿದು ಗೆರಸೆಯನ್ನು ತೊಡೆಯ ಮೇಲಿಟ್ಟುಕೊಂಡು ಕೂತರೆ, ಕಟ್ಟಿದ್ದನ್ನು ಕಂಪೆನಿಯ ಬ್ರಾಂಚಿಗೆ ಒಪ್ಪಿಸಿ ಬರುವ ಹೊತ್ತಿನವರೆಗೆ ಏಳುವಂತಿಲ್ಲ. ಸಿನೆಮಾದ ನಾಯಕಿ ನೋಡಲು ಚೆಲುವೆ, ಅಳುವುದರಲ್ಲೂ ಜಾಣೆ, ಆದರೆ ಬೀಡಿ ಅವಳ ಮಾತು ಕೇಳಲಿಲ್ಲ. ಎಲೆ ಹರಿಯಿತು, ಹೊಗೆಸೊಪ್ಪು ಚೆಲ್ಲಿತು, ತುದಿ ಮಡಚಲು ಹೋದರೆ ಇಡೀ ಬೀಡಿ ಬಿಚ್ಚಿಕೊಂಡಿತು. ಕೊನೆಗೆ ನಿರ್ದೇಶಕರು ಬೇಸತ್ತು, ಪಕ್ಕದಲ್ಲಿ ನಿಂತು ನಗುತ್ತಿದ್ದ ನನ್ನ ಅಮ್ಮನನ್ನು ಕರೆದರು. ನಾಯಕಿಯ ರವಕೆ, ನಾಯಕಿಯ ಹಸಿರು ಗಾಜಿನ ಬಳೆ ತೊಡಿಸಿ, ಅವಳ ಜಾಗದಲ್ಲೇ ಕೂರಿಸಿ, ಕ್ಯಾಮೆರಾವನ್ನು ಮೊಣಕೈಯವರೆಗೆ ಮಾತ್ರ ಹಿಡಿದರು. ಮುಖ ನಾಯಕಿಯದು, ಕೈ ನನ್ನ ಅಮ್ಮನದು.

ಮರುವರ್ಷ ಆ ಸಿನೆಮಾ ಕಾಸರಗೋಡಿನ ಟಾಕೀಸಿಗೆ ಬಂತು. ವಠಾರದವರೆಲ್ಲ ಒಂದು ಜೀಪು ಮಾಡಿಕೊಂಡು, ಒಬ್ಬರ ಮಡಿಲಲ್ಲಿ ಒಬ್ಬರು ಕೂತು, ಸುಂದರಿಯ ಕೈ ನೋಡಲು ಹೋದರು. ಕೈ ಬರಲೇ ಇಲ್ಲ. ಮುಂದಿನ ಆಟಕ್ಕೆ ಹೊತ್ತಾಯಿತೆಂದು ಪ್ರೊಜೆಕ್ಟರಿನವನು ಒಂದು ರೀಲನ್ನೇ ನುಂಗಿದ್ದ. ಇದನ್ನು ಗೇಟು ಕಾಯುವವನು ಆಮೇಲೆ ಹೇಳಿದ, ಆದರೆ ಆಗ ಕೇಳಿಸಿಕೊಳ್ಳುವ ತಾಳ್ಮೆ ಯಾರಿಗಿತ್ತು? ಜೀಪಿನಲ್ಲಿ ಹಿಂದೆ ಬರುವಾಗಲೇ ಹೆಸರಿಟ್ಟಾಗಿತ್ತು. ಅಂದಿನಿಂದ ಮೀನು ಕೊಳ್ಳಲು ಹೋದರೂ ಸಿನೆಮಾ ಸುಂದರಿ, ಮದುವೆಮನೆಯಲ್ಲಿ ಎಲೆ ಹಾಕಿ ಕೂತರೂ ಸಿನೆಮಾ ಸುಂದರಿ.

ನಿಜ ಹೇಳಬೇಕೆಂದರೆ ನನಗೂ ಅಷ್ಟೇನೂ ನಂಬಿಕೆ ಇರಲಿಲ್ಲ. ಶೂಟಿಂಗ್ ನಡೆದ ದಿನದಿಂದ ನನ್ನ ನೆನಪಿನಲ್ಲಿ ಉಳಿದದ್ದು ಒಂದು ಏಟು ಮಾತ್ರ. ಅಮ್ಮನ ಗೆರಸೆಯಲ್ಲಿದ್ದ ಕೆಂಪು ನೂಲಿನ ಉಂಡೆಗೆ ನಾನು ಕೈ ಹಾಕಿದೆ, ಅಷ್ಟು ಜನರ ಎದುರು ಅವಳು ನನ್ನ ಕೈಗೆ ಬಾರಿಸಿದಳು. ನಾನು ಅತ್ತೆ. ಸಿನೆಮಾದವರಲ್ಲಿ ಯಾರೋ ಪೆಪ್ಪರ್‌ಮಿಂಟ್ ಕೊಟ್ಟರು. ಈ ಮಾತೆತ್ತಿದರೆ ಅಮ್ಮ ಕೆಂಡವಾಗುತ್ತಿದ್ದಳು.

“ನಾನು ನಿನಗೆ ಕೈ ಎತ್ತಿದವಳೇ ಅಲ್ಲ. ಅಪ್ಪ ಇಲ್ಲದ ಮಗು ಅಂತ ಒಂದು ಗದರಿದವಳೂ ಅಲ್ಲ. ನೀನು ಚಂದ ಮಾಡಿ ಕೂತಿದ್ದೆ, ಅದಕ್ಕೆ ಪೆಪ್ಪರ್‌ಮಿಂಟ್ ಕೊಟ್ಟದ್ದು.”

“ಹಾಗಾದ್ರೆ ನಿನ್ನ ಕೈ ಸಿನೆಮಾದಲ್ಲಿ ಬಂದದ್ದೂ ಸುಳ್ಳು.”

“ಹೋಗೇ ಅತ್ಲಾಗೆ!”

ನಾವಿಬ್ಬರೂ ಆಡುವುದು ತುಳು, ಇಲ್ಲಿ ಕನ್ನಡ ಮಾಡಿ ಬರೆಯುತ್ತಿದ್ದೇನೆ. ಅಂತೂ ನಮ್ಮ ಮನೆಯಲ್ಲಿ ವರ್ಷಗಟ್ಟಲೆ ಈ ಎರಡು ವ್ಯಾಜ್ಯಗಳು ತೀರ್ಪಿಲ್ಲದೆ ಬಿದ್ದಿದ್ದವು. ಅವಳ ಕೈಯದೊಂದು, ನನ್ನ ಏಟಿನದೊಂದು.

ಮದುವೆಯಾಗಿ ನಾನು ಅಮೆರಿಕದ ಕ್ಯಾಂಪ್‌ಬೆಲ್ಲಿಗೆ ಬಂದಾಗ ಎಲ್ಲರಿಗೂ ಡಾಟ್‌ಕಾಮ್ ಹುಚ್ಚು ಹಿಡಿದಿತ್ತು. ನನ್ನ ಗಂಡ ಜಯಕರ ಮಂಗಳೂರಿನವರು, ಪಾಲೋ ಆಲ್ಟೋದಲ್ಲಿ ನಾಯಿಗಳ ತಿಂಡಿಯನ್ನು ಇಂಟರ್ನೆಟ್ಟಿನಲ್ಲಿ ಮಾರುವ ಕಂಪೆನಿಯೊಂದರಲ್ಲಿದ್ದರು. ನಾಯಿ ತಿನ್ನುತ್ತಿತ್ತೋ ಇಲ್ಲವೋ, ಇವರ ಬಾಯಲ್ಲಿ ಮಾತ್ರ ಮೂರು ಹೊತ್ತೂ ಸ್ಟಾಕ್ ಆಪ್ಶನ್ನು. ನನ್ನ ವೀಸಾದಲ್ಲಿ ಕೆಲಸ ಮಾಡುವಂತಿರಲಿಲ್ಲ. ಹಗಲೆಲ್ಲ ಅಪಾರ್ಟ್‌ಮೆಂಟಿನಲ್ಲಿ ಒಬ್ಬಳೇ ಕೂತು ಗೋಡೆ ನೋಡುವ ಬದಲು ಮಲಯಾಳಂ ಸಿನೆಮಾ ನೋಡತೊಡಗಿದೆ. ಹತ್ತಿರದಲ್ಲೇ ಒಬ್ಬ ಮಲಯಾಳಿಯ ಗ್ರೋಸರಿ ಇತ್ತು. ನಾವೆಲ್ಲ ಅವರನ್ನು ಚೇಟ, ಅಂದರೆ ಅಣ್ಣ, ಎನ್ನುತ್ತಿದ್ದೆವು. ಕುಚ್ಚಲಕ್ಕಿಯ ಮೂಟೆಗಳ ಹಿಂದೆ ಅವರ ವಿಡಿಯೋ ಕ್ಯಾಸೆಟ್ಟಿನ ಕಪಾಟು. ದುಬಾಯಿಯ ನೆಂಟರಿಂದ ತರಿಸಿ, ಇಲ್ಲಿನ ಮಿಷಿನ್ನಿಗೆ ಹೊಂದುವಂತೆ ಕಾಪಿ ಮಾಡಿಸಿದ ಕ್ಯಾಸೆಟ್ಟುಗಳು. ಚಿತ್ರದ ಕೆಳಗೆ ದುಬಾಯಿಯ ಯಾವುದೋ ಚಿನ್ನದಂಗಡಿಯ ಜಾಹೀರಾತು ಹರಿಯುತ್ತಲೇ ಇರುತ್ತಿತ್ತು.

ಆ ಸಿನೆಮಾಗಳಲ್ಲಿ ನನಗೆ ಏನು ಸಿಗುತ್ತಿತ್ತು ಎಂದರೆ, ಮನೆ. ಪಾಚಿ ಹಿಡಿದ ಬಾವಿಕಟ್ಟೆ, ಜಗಲಿಗೆ ಹತ್ತುವ ಮೊದಲು ಚೆಂಬಿನ ನೀರಿನಲ್ಲಿ ಕಾಲು ತೊಳೆಯುವ ಗಂಡಸು, ಮೀನು ಸಾರಿಗೆ ಹುಳಿ ಕಡಿಮೆಯಾಯಿತೆಂದು ಮುಖ ಊದಿಸುವ ಅತ್ತೆ, ಸಂಬಳ ಬಾರದ ಮಾಸ್ತರು, ಯೂನಿಯನ್ನಿನ ಬೋರ್ಡು. ಬಡವರ ಮನೆ ಎಂದರೆ ಬಡವರ ಮನೆಯೇ, ಬಣ್ಣ ಬಳಿದ ಸೆಟ್ಟಲ್ಲ. ನಾಯಕನ ಹೊಟ್ಟೆ ಸ್ವಲ್ಪ ಮುಂದೆ ಬಂದಿರುತ್ತಿತ್ತು, ಅಂಗಿಯ ಒಂದು ಗುಂಡಿ ಹೋಗಿರುತ್ತಿತ್ತು. ನೋಡುತ್ತ ನೋಡುತ್ತ ನನಗೆ ಊರಿನ ಮೇಲೆ ಎಷ್ಟು ಆಸೆಯಾಗುತ್ತಿತ್ತೆಂದರೆ, ಸಿನೆಮಾ ಮುಗಿದ ಮೇಲೂ ಟಿವಿ ಆರಿಸದೆ ಕೂತಿರುತ್ತಿದ್ದೆ.

ಶನಿವಾರಗಳಂದು ಸ್ನೇಹಿತರನ್ನೂ ಕರೆಯುತ್ತಿದ್ದೆ. ಸಬ್‌ಟೈಟಲ್ ಇಲ್ಲದ ಕಾಲ, ನಾನೇ ಸಬ್‌ಟೈಟಲ್. ಟಿವಿ ಪಕ್ಕದಲ್ಲಿ ಮೊಣಕಾಲ ಮೇಲೆ ಗಲ್ಲ ಊರಿಕೊಂಡು ಕೂತು, ಸಿನೆಮಾದವರು ಹೇಳಿದ್ದನ್ನೆಲ್ಲ ಕನ್ನಡದಲ್ಲಿ ಹೇಳುವುದು. ಕಾರಿನಲ್ಲಿ ಮುಕ್ಕಾಲು ಗಂಟೆ ದಾರಿಯ ಡಬ್ಲಿನ್ ಎಂಬ ಊರಿನಿಂದ ಮಂಡ್ಯದ ದೇವರಾಜು ಬರುತ್ತಿದ್ದರು. “ಪ್ರಫುಲ್ಲಾ ಅವ್ರೇ, ಇದ್ರಲ್ಲಿ ಫೈಟೇ ಇಲ್ವಾ?” ಎಂದು ಪ್ರತಿ ಸಲವೂ ಕೇಳಿ, ಅರ್ಧದಲ್ಲೇ ಸೋಫಾದ ಮೇಲೆ ಗೊರಕೆ ಹೊಡೆಯುತ್ತಿದ್ದರು. ಅವರ ತಾಯಿ ಸಣ್ಣತಾಯಮ್ಮ ಮಾತ್ರ ಕಣ್ಣು ಮಿಟುಕಿಸುತ್ತಿರಲಿಲ್ಲ. ಮಗನ ಮನೆಗೆ ಬಂದು ಕೆಲವು ತಿಂಗಳಾಗಿದ್ದ ಅವರಿಗೆ ಮಲಯಾಳಂನ ಒಂದು ಶಬ್ದವೂ ಗೊತ್ತಿಲ್ಲ.

“ಈ ಪಿಚ್ಚರ್ನಾಗೆ ಹೆಂಗಸ್ರು ಅತ್ರೆ ಮೂಗು ಒರ್ಸ್ಕತಾರೆ ಕಣವ್ವ,” ಎಂದರು ಒಮ್ಮೆ. “ನಮ್ಮೋರ ಪಿಚ್ಚರ್ನಾಗೆ ಎಷ್ಟ್ ಅತ್ರೂ ಮೂಗೇ ಸುರಿಯಾಕಿಲ್ಲ.”

ಅದಕ್ಕಿಂತ ದೊಡ್ಡ ವಿಮರ್ಶೆಯನ್ನು ನಾನು ಇವತ್ತಿನವರೆಗೆ ಓದಿಲ್ಲ.

ಎರಡು ಸಾವಿರದ ಇಸವಿಯ ಬೇಸಿಗೆಯಲ್ಲಿ ಅಮ್ಮ ಬಂದಳು. ಹತ್ತಿ ಸೀರೆ, ಅದರ ಮೇಲೆ ಜಯಕರನ ಸ್ವೆಟರು, ಕಾಲಿಗೆ ಬಿಳಿ ಶೂ. ಬೀಡಿ ಕಟ್ಟುವುದು ಬಿಟ್ಟು ಕೆಲವು ವರ್ಷಗಳಾಗಿದ್ದವು. ಕೈಯ ಗಂಟುಗಳು ಊದಿ ಬೆರಳುಗಳು ಒಂದೊಂದು ಕಡೆ ವಾಲಿದ್ದವು. ಅವಳು ಊರಿಗೆ ಮರಳುವುದರೊಳಗೆ ಆ ಸಿನೆಮಾವನ್ನು ಹುಡುಕಿ ತೋರಿಸಬೇಕೆಂದು ನನಗೆ ಹಟ. ಆದರೆ ಹೆಸರು ಗೊತ್ತಿಲ್ಲ. ಶೂಟಿಂಗ್ ಹೊತ್ತಿನಲ್ಲಿ ಒಂದು ಹೆಸರು ಹೇಳಿದ್ದರಂತೆ, ಪೋಸ್ಟರಿನಲ್ಲಿ ಇನ್ನೊಂದು ಇತ್ತಂತೆ. ಅಮ್ಮನಿಗೆ ಎರಡೂ ನೆನಪಿಲ್ಲ. ಅಂಗೈ ಹುಣ್ಣಿಗೆ ಕನ್ನಡಿ ಬೇಕೆ ಎನ್ನುತ್ತಾರೆ, ನನ್ನ ಅಮ್ಮನಿಗೆ ತನ್ನ ಅಂಗೈಯನ್ನೇ ಊರಿಗೆ ತೋರಿಸಲು ಸಿನೆಮಾ ಬೇಕಾಗಿತ್ತು.

ಚೇಟನ ಹತ್ತಿರ ಕತೆ ಹೇಳಿದೆ. ಅವರು ಮರಗೆಣಸು ತೂಗುತ್ತಿದ್ದ ಕೈಯನ್ನು ನಿಲ್ಲಿಸಿ, ಬೀಡಿಯ ಸಿನೆಮಾವಾ, ಕುಂಬಳೆ ಕಡೆಯದ್ದಾ ಎಂದು ಮಲಯಾಳಂನಲ್ಲಿ ಕೇಳಿದರು. ಅಂಥದ್ದೊಂದು ನನ್ನ ಹತ್ತಿರ ಇದೆಯಲ್ಲ, ಕೊನೆಯಲ್ಲಿ ಯಾರಿಗೂ ಒಳ್ಳೆಯದಾಗುವುದಿಲ್ಲ, ಅದಕ್ಕೇ ಯಾರೂ ಒಯ್ಯುವುದಿಲ್ಲ ಎಂದರು. ನಾನು ಮೂಟೆಗಳ ಹಿಂದೆ ಓಡಿದೆ. ಕಪಾಟಿನಲ್ಲಿ ಅದರ ಜಾಗ ಖಾಲಿ. ಕವರಿನ ಮೇಲೆ ಗೆರಸೆ ಹಿಡಿದ ಹೆಂಗಸಿನ ಚಿತ್ರ ನೋಡಿ ಸಣ್ಣತಾಯಮ್ಮ ತಾವೇ ಆರಿಸಿ, ಮಗನ ಕೈಯಲ್ಲಿ ತೆಗೆಸಿಕೊಂಡು ಹೋಗಿದ್ದರಂತೆ.

ಮನೆಗೆ ಬಂದವಳೇ ದೇವರಾಜುಗೆ ಫೋನ್ ಮಾಡಿದೆ.

“ಅದು... ಒಂಚೂರು ಪ್ರಾಬ್ಲಮ್ಮು ಆಗಿದೆ ಪ್ರಫುಲ್ಲಾ ಅವ್ರೇ.”

ಆ ಕಾಲದವರಿಗೆ ಹೇಳಬೇಕಾಗಿಲ್ಲ, ಈಗಿನವರಿಗೆ ಹೇಳುತ್ತೇನೆ. ವಿಡಿಯೋ ಕ್ಯಾಸೆಟ್ಟಿನ ಬೆನ್ನಿನಲ್ಲಿ ಒಂದು ಸಣ್ಣ ಪ್ಲಾಸ್ಟಿಕ್ ಹಲ್ಲು ಇರುತ್ತಿತ್ತು. ಅದನ್ನು ಮುರಿದುಬಿಟ್ಟರೆ ಆ ಕ್ಯಾಸೆಟ್ಟಿನ ಮೇಲೆ ಬೇರೇನೂ ರೆಕಾರ್ಡ್ ಆಗುವುದಿಲ್ಲ. ಅಂಗಡಿಯವರೆಲ್ಲ ಮುರಿದೇ ಕೊಡುತ್ತಿದ್ದರು. ಆದರೆ ಆ ತೂತಿಗೆ ಒಂದು ತುಂಡು ಸೆಲ್ಲೋಟೇಪ್ ಅಂಟಿಸಿದರೆ ಮಿಷಿನ್ ಮೋಸಹೋಗುತ್ತದೆ. ನಮ್ಮವರೆಲ್ಲ ಈ ವಿದ್ಯೆಯಲ್ಲಿ ಪಂಡಿತರು. ಕನ್ನಡ ಕೂಟದ ಯುಗಾದಿಯಲ್ಲಿ ದೇವರಾಜುವಿನ ಮಗಳು ನವ್ಯಾ ಕುಣಿದಿದ್ದಳು. ಕ್ಯಾಮ್‌ಕಾರ್ಡರು ಯಾರದ್ದೋ, ಮರುದಿನವೇ ಹಿಂದೆ ಕೊಡಬೇಕು, ಮನೆಯಲ್ಲಿ ಖಾಲಿ ಕ್ಯಾಸೆಟ್ಟಿಲ್ಲ. ಕೈಗೆ ಸಿಕ್ಕಿದ್ದಕ್ಕೆ ಸೆಲ್ಲೋಟೇಪ್ ಹಚ್ಚಿದ್ದರು.

“ಮಲಯಾಳಂ ಆರ್ಟ್ ಫಿಲ್ಮು, ಯಾರ್ ಕೇಳ್ತಾರೆ ಅಂದ್ಕೊಂಡ್ಬಿಟ್ಟೆ. ಚೇಟಂಗೆ ಇನ್ನೂ ಹೇಳಿಲ್ಲ.”

“ನನ್ನ ಅಮ್ಮನ ಕೈಯ ಮೇಲೆ ನಿಮ್ಮ ಮಗಳನ್ನು ಕುಣಿಸಿದ್ರಲ್ಲ ದೇವರಾಜು!” ಎಂದು ಕಿರುಚಿದೆ. ಅವರಿಗೆ ತಲೆಬುಡ ಅರ್ಥವಾಗಲಿಲ್ಲ. ಎಲ್ಲ ಹೇಳಿದ ಮೇಲೆ ಪಾಪ, ಅಳುವುದೊಂದು ಬಾಕಿ. “ಪೂರ್ತಿ ಹೋಗಿಲ್ಲ ಅನ್ಸತ್ತೆ. ಎಂಡಲ್ಲಿ ಸ್ವಲ್ಪ ಉಳ್ದಿರ್ಬೇಕು. ಶನಿವಾರ ಎಲ್ರೂ ಬಂದ್ಬಿಡಿ, ಪ್ಲೀಸ್.”

ಶನಿವಾರ ಅಮ್ಮ ಪೆಟ್ಟಿಗೆಯ ಅಡಿಯಿಂದ ರೇಷ್ಮೆ ಸೀರೆ ತೆಗೆದು ಉಟ್ಟಳು. ಕೈಗೆ ತೆಂಗಿನೆಣ್ಣೆ ಹಚ್ಚಿಕೊಂಡಳು. ಜಯಕರ ಕಾರು ಓಡಿಸಿದರು. ಫ್ರೀವೇಯ ಎರಡೂ ಕಡೆ ಬೆಟ್ಟಗಳೆಲ್ಲ ಒಣಗಿ ಹೊಂಬಣ್ಣವಾಗಿದ್ದವು. ಹಿಂದಿನ ಸೀಟಿನಲ್ಲಿ ನನ್ನ ಪಕ್ಕ ಕೂತು ಅಮ್ಮ ದಾರಿಯುದ್ದಕ್ಕೂ ಯೋಜನೆ ಹಾಕಿದಳು.

“ಸಿಕ್ಕಿದ್ರೆ ಊರಿಗೆ ತಕೊಂಡು ಹೋಗ್ತೇನೆ. ದುಬಾಯಿಯಿಂದ ಬಂದ ಅಹಮದಾಕನವರಲ್ಲಿ ಮಿಷಿನ್ ಉಂಟಲ್ಲ, ಅವರ ಜಗಲಿಯಲ್ಲಿ ಹಾಕಿಸುವುದು. ಜೀಪಿನಲ್ಲಿ ಬಂದವರನ್ನೆಲ್ಲ ಕರೆಯುವುದು. ನಗ್ಲಿ ಆಗ, ನೋಡುವ.”

“ಸಿಗದಿದ್ರೆ?”

ಅವಳು ಎಣ್ಣೆ ಹಚ್ಚಿದ ಕೈಗಳನ್ನು ಸೆರಗಿನೊಳಗೆ ಇಟ್ಟುಕೊಂಡಳು. ನನಗೆ ಕೇಳಬಾರದಿತ್ತು ಎನಿಸಿತು.

ಡಬ್ಲಿನ್ನಿನ ಆ ಮನೆಯಲ್ಲಿ ಸಣ್ಣತಾಯಮ್ಮ ಅಮ್ಮನನ್ನು ಕೈಹಿಡಿದು ತಮ್ಮ ಪಕ್ಕ ಕೂರಿಸಿಕೊಂಡರು. ದೇವರಾಜು ಕ್ಯಾಸೆಟ್ ಹಾಕಿದರು. ಪರದೆಯ ಮೇಲೆ ಕನ್ನಡ ಕೂಟದವರು ದೀಪ ಬೆಳಗಿದರು. ಅಧ್ಯಕ್ಷರು ಕನ್ನಡ ಉಳಿಸಿ ಎಂದು ಇಂಗ್ಲಿಷಿನಲ್ಲಿ ಭಾಷಣ ಮಾಡಿದರು. ನಾನು ಹಲ್ಲು ಕಚ್ಚಿಕೊಂಡು, “ಫಾರ್ವರ್ಡ್ ಮಾಡಿ,” ಎಂದೆ. ದೇವರಾಜು ಗಡಿಬಿಡಿಯಲ್ಲಿ ರಿಮೋಟ್ ಎತ್ತಿಕೊಂಡರು. ಅಷ್ಟರಲ್ಲಿ ನವ್ಯಾ ತಲೆಗೆ ಹೂವು ಮುಡಿದು ಪರದೆಯ ಮೇಲೆ ಬಂದಳು. ಮಹಡಿಯಿಂದ ಇಳಿದು ಬಂದ ನಿಜವಾದ ನವ್ಯಾ, “ದಟ್ಸ್ ಮೈ ಡ್ಯಾನ್ಸ್!” ಎಂದಳು.

“ಓಡಿಸಬೇಡಿ,” ಎಂದಳು ಅಮ್ಮ. “ಮಗು ಕುಣಿಯುವಾಗ ಓಡಿಸಬಾರದು.”

ಕುಣಿತ ಮುಗಿಯಿತು. ಅಮ್ಮ ಚಪ್ಪಾಳೆ ತಟ್ಟಿದಳು. ಅದರ ಮೇಲೆ ಸಮೂಹಗಾನ, ಒಂದು ನಾಟಕದ ತುಂಡು, ಊಟದ ಸಾಲು. ಯಾರೋ ಹೋಳಿಗೆ ಕಚ್ಚುತ್ತ ಕ್ಯಾಮೆರಾಗೆ ಕೈ ಬೀಸಿದರು. ನನಗೆ ಆ ಮನುಷ್ಯನ ಹೋಳಿಗೆ ಕಿತ್ತು ಎಸೆಯುವಷ್ಟು ಸಿಟ್ಟು. ಅದೂ ಮುಗಿದು, ವಂದನಾರ್ಪಣೆಯ ನಡುವೆ ಪರದೆ ಬಿಳಿಬಿಳಿಯಾಗಿ ಕುದಿಯಿತು. ಗರಗರ ಶಬ್ದ. ಎಲ್ಲರೂ ಮುಂದೆ ಬಾಗಿದೆವು.

ಕೈಗಳು ಬಂದವು.

ಮಣ್ಣಿನ ನೆಲ, ಕಿಟಕಿಯ ಬೆಳಕು, ಗೆರಸೆ. ಹಸಿರು ಬಳೆಯ ಎರಡು ಕೈ ಒಂದು ಎಲೆಯನ್ನು ಎತ್ತಿ, ಹೊಗೆಸೊಪ್ಪು ಉದುರಿಸಿ, ಉರುಳಿಸಿ, ಹೆಬ್ಬೆರಳ ಉಗುರಿನಿಂದ ತುದಿ ಮಡಚಿ, ನೂಲು ಸುತ್ತಿ, ಬೆಣ್ಣೆಯಿಂದ ಕೂದಲು ತೆಗೆದ ಹಾಗೆ ನೂಲನ್ನು ಕಡಿದವು. ಮತ್ತೊಂದು ಎಲೆ. ಅಷ್ಟರಲ್ಲಿ ದೃಶ್ಯ ಬದಲಾಗಿ ನಾಯಕಿಯ ಮುಖ ಬಂತು. ಕೆಳಗೆ ಚಿನ್ನದಂಗಡಿಯ ಜಾಹೀರಾತು. ಎಲ್ಲ ಸೇರಿ ನಾಲ್ಕು ಉಸಿರಿನಷ್ಟು ಹೊತ್ತು ಇರಬಹುದು.

ನಾನು ಅಮ್ಮನ ಕಡೆ ತಿರುಗಿದೆ. ಅವಳು ಮಡಿಲಲ್ಲಿದ್ದ ತನ್ನ ಕೈಗಳನ್ನು ನೋಡಿಕೊಳ್ಳುತ್ತಿದ್ದಳು. ಆ ಗಂಟುಗಳನ್ನು, ಆ ವಾಲಿದ ಬೆರಳುಗಳನ್ನು.

“ಇದು ನನ್ನದಲ್ಲ ಮಗಾ,” ಎಂದಳು ಮೆಲ್ಲನೆ. “ಆ ಹುಡುಗಿಯದ್ದೇ ಇರಬೇಕು. ನನ್ನ ಕೈ ಇಷ್ಟು ಚಂದ ಎಲ್ಲಿತ್ತು?”

ಇಷ್ಟು ವರ್ಷ ಊರಿಗೆ ಊರೇ ನಕ್ಕರೂ ಬಗ್ಗದವಳು ಈಗ ತಾನೇ ಸೋಲೊಪ್ಪಿಕೊಂಡು ಕೂತಿದ್ದಳು. ನಾನು, “ಇನ್ನೊಮ್ಮೆ ಹಾಕಿ ದೇವರಾಜು,” ಎಂದೆ. ಅವರು ಹಿಂದೆ ಓಡಿಸಿದರು. ಗರಗರ, ಬಿಳಿ, ಕೈಗಳು, ಎಲೆ, ನೂಲು. ಈ ಸಲ ಸಣ್ಣತಾಯಮ್ಮ ಎದ್ದುನಿಂತರು.

“ಅಯ್ಯೋ, ಅದ್ಯಾವ್ದವ್ವ ಕೂಸು? ಪಟ್ಟಂತ ಏಟ್ ಬಿತ್ತಲ್ಲ!”

ಮತ್ತೆ ಹಾಕಿಸಿದೆವು. ಹೌದು. ದೃಶ್ಯ ಬದಲಾಗುವುದಕ್ಕೆ ತುಸು ಮೊದಲು, ಪರದೆಯ ಎಡಮೂಲೆಯಿಂದ ಒಂದು ಪುಟ್ಟ ಕೈ ಗೆರಸೆಯೊಳಕ್ಕೆ ಬರುತ್ತದೆ. ಕೆಂಪು ನೂಲಿನ ಉಂಡೆಯನ್ನು ಮುಟ್ಟುತ್ತದೆ. ಬೀಡಿ ಕಟ್ಟುವ ಬಲಗೈ ತನ್ನ ಕೆಲಸದ ಲಯ ತಪ್ಪದೆಯೇ ಆ ಕೈಗೆ ಒಂದು ಬಾರಿಸಿ, ಹಾಗೆಯೇ ಮುಂದಿನ ಎಲೆಗೆ ಹೋಗುತ್ತದೆ. ಪುಟ್ಟ ಕೈ ಮಾಯ. ಯಾವ ನಟಿಯೂ ಹಾಗೆ ಹೊಡೆಯಲಾರಳು. ನಿರ್ದೇಶಕರು ಅದನ್ನು ಕತ್ತರಿಸದೆ ಇಟ್ಟುಕೊಂಡಿದ್ದರು.

“ನೋಡಿದ್ಯಾ! ಹೊಡ್ದದ್ದು! ನೀನು ಹೊಡ್ದದ್ದು!” ಎಂದು ಸೋಫಾದಿಂದ ಹಾರಿದೆ. ದೊಡ್ಡ ಹೆಂಗಸು, ಕಾಲು ಕುಣಿಸುತ್ತ ನಿಂತಿದ್ದೆ. “ನಾನು ಹೇಳ್ಲಿಲ್ವಾ? ನೂಲಿಗೆ ಕೈ ಹಾಕಿದ್ದಕ್ಕೆ ಹೊಡ್ದೆ! ಇಷ್ಟು ವರ್ಷ ನನ್ನನ್ನು ಸುಳ್ಳಿ ಮಾಡಿದ್ಯಲ್ಲ!”

ಜಯಕರ ಮೆತ್ತಗೆ, “ಪ್ರಫುಲ್ಲಾ, ಹಾಗಾದ್ರೆ ಕೈ ಯಾರದ್ದಾಯ್ತು?” ಎಂದರು.

ಹೊಡೆಸಿಕೊಂಡವಳು ನಾನಾದರೆ ಹೊಡೆದದ್ದು ನನ್ನ ಅಮ್ಮನೇ. ನನ್ನ ವ್ಯಾಜ್ಯ ಗೆಲ್ಲಬೇಕಾದರೆ ಅವಳದ್ದೂ ಗೆಲ್ಲಲೇಬೇಕು. ಆಗ ನನಗೆ ಅಳು ಬಂತು. ಸಣ್ಣತಾಯಮ್ಮ ಮೆಚ್ಚುವ ಹಾಗೆ, ಮೂಗು ಒರೆಸಿಕೊಂಡೇ ಅತ್ತೆ.

ಅಮ್ಮ ಅಳಲಿಲ್ಲ. ಮತ್ತೆ ಹಾಕಿ ಎಂದಳು. ಮತ್ತೆ ಎಂದಳು. ಟಿವಿಯ ಹತ್ತಿರ ಹೋಗಿ ನೆಲದ ಮೇಲೆ ಕೂತು ನೋಡಿದಳು. ಅವಳ ಕಣ್ಣು ಬಳೆಯ ಕೈಗಳ ಮೇಲಿರಲಿಲ್ಲ, ಎಡಮೂಲೆಯಲ್ಲಿತ್ತು. ದೇವರಾಜು ಕೂಡ ಯಾಕೆಂದು ಕೇಳದೆ, ಹೇಳಿದಷ್ಟು ಸಲ ಹಿಂದೆ ಓಡಿಸಿದರು. ಹೊರಡುವಾಗ ಕ್ಯಾಸೆಟ್ಟನ್ನು ನನ್ನ ಕೈಗೆ ಕೊಟ್ಟು, ಚೇಟನ ಹತ್ತಿರ ನಾನು ಮಾತಾಡ್ತೀನಿ ಎಂದರು. ನವ್ಯಾಳ ಕುಣಿತದ ಕಾಪಿ ಮಾಡಿಸಿ ಕಳಿಸುತ್ತೇನೆ ಎಂದು ನಾನೂ ಮಾತು ಕೊಟ್ಟೆ. ಸಿಟ್ಟು ಎಲ್ಲಿಗೆ ಹೋಗಿತ್ತೋ.

ಕಾರಿನಲ್ಲಿ ಜಯಕರ ಬಹಳ ಹುರುಪಿನಲ್ಲಿದ್ದರು. “ಅತ್ತೆ, ಇದನ್ನು ಊರಿನ ಮಿಷಿನ್ನಿಗೆ ಆಗುವ ಹಾಗೆ ಮಾಡಿಸಿ ಕೊಡ್ತೇನೆ. ಅಹಮದಾಕನ ಜಗಲಿ ತುಂಬಾ ಜನ ಕೂರಿಸಿ.”

“ಬೇಡ,” ಎಂದಳು ಅಮ್ಮ.

“ಬೇಡ ಅಂದ್ರೆ ಎಂತ?” ನಾನು ರೇಗಿದೆ. “ಇದಕ್ಕಾಗಿ ಅಲ್ವಾ ಇಷ್ಟು ವರ್ಷ ನೀನು...”

“ಊರವರೆಲ್ಲ ಕೂತು ನೋಡುವಾಗ ನಾನು ನಿನಗೆ ಹೊಡೆಯುವುದಾ? ಇಲ್ಲ. ಅವರು ನಗ್ಲಿ. ನಕ್ಕು ಅಭ್ಯಾಸ ಉಂಟು ಅವರಿಗೆ.”

ಸ್ವಲ್ಪ ದೂರ ಹೋದ ಮೇಲೆ ಅವಳು ನನ್ನ ಬಲಗೈಯನ್ನು ತೆಗೆದು ತನ್ನ ಮಡಿಲಲ್ಲಿ ಇಟ್ಟುಕೊಂಡಳು. ಎಣ್ಣೆಯ ಜಿಡ್ಡು ಇನ್ನೂ ಇತ್ತು.

“ನೋವಾಗಿತ್ತಾ?”

“ಇಲ್ಲಮ್ಮ.”

“ಸುಳ್ಳು ಹೇಳ್ಬೇಡ. ಆ ಪುಟ್ಟ ಕೈ ಹೇಗೆ ಹಿಂದೆ ಹೋಯ್ತು ಅಂತ ನಾನು ನೋಡಿದೆ.”

ಬೆಟ್ಟಗಳು ಹಿಂದೆ ಸರಿಯುತ್ತಿದ್ದವು. ಕ್ಯಾಂಪ್‌ಬೆಲ್ ಬರುವವರೆಗೆ ಅವಳು ಆ ಕೈಯನ್ನು ಬಿಡಲಿಲ್ಲ. ಹೊಡೆದ ಜಾಗವನ್ನು ಹೆಬ್ಬೆರಳಿನಲ್ಲಿ ಸವರುತ್ತಲೇ ಇದ್ದಳು.

ಅಮ್ಮ ಊರಿಗೆ ಹೋಗಿ, ಸಿನೆಮಾ ಸುಂದರಿಯಾಗಿಯೇ ಬದುಕಿ, ಸಿನೆಮಾ ಸುಂದರಿಯಾಗಿಯೇ ತೀರಿಕೊಂಡಳು. ಜಯಕರನ ಕಂಪೆನಿ ಮರುವರ್ಷವೇ ಮುಳುಗಿತು, ಚೇಟನ ಕಪಾಟೂ ಹೋಯಿತು. ಆ ಸಿನೆಮಾವನ್ನು ನಾನು ಆಮೇಲೆ ಎಲ್ಲೆಲ್ಲೋ ಹುಡುಕಿದ್ದೇನೆ, ಸಿಕ್ಕಿಲ್ಲ. ಆ ಕ್ಯಾಸೆಟ್ ಮಾತ್ರ ನನ್ನ ಹತ್ತಿರ ಇದೆ.

ಅವತ್ತು ಮನೆಗೆ ಬಂದೊಡನೆ ಅಮ್ಮ ಅದನ್ನು ನನ್ನ ಚೀಲದಿಂದ ತೆಗೆದು ತಿರುಗಿಸಿ ಮುರುಗಿಸಿ ನೋಡಿದ್ದಳು. ಇದರ ಮೇಲೆ ಇನ್ನು ಯಾರೂ ಏನೂ ಹಿಡಿಯದ ಹಾಗೆ ಮಾಡುವುದು ಹೇಗೆ ಎಂದು ಕೇಳಿದಳು. ಜಯಕರ ಬೆನ್ನಿನಲ್ಲಿದ್ದ ಸೆಲ್ಲೋಟೇಪನ್ನು ತೋರಿಸಿದರು. ದೇವರಾಜು ಗಟ್ಟಿಯಾಗಿ ಅಂಟಿಸಿದ್ದರು, ಜಯಕರನ ಉಗುರಿಗೆ ಅದರ ಅಂಚೇ ಸಿಗಲಿಲ್ಲ. ಅಮ್ಮ ಕ್ಯಾಸೆಟ್ಟನ್ನು ತೊಡೆಯ ಮೇಲಿಟ್ಟುಕೊಂಡು ನೆಲದ ಮೇಲೆ ಕೂತಳು. ಆ ವಾಲಿದ ಹೆಬ್ಬೆರಳ ಉಗುರನ್ನು ಅಂಚಿಗೆ ಊರಿ, ಬೀಡಿಯ ತುದಿ ಮಡಚುವ ಹಾಗೆ ಒಮ್ಮೆ ಮಡಚಿದಳು, ಟೇಪು ಪೂರ್ತಿ ಎದ್ದು ಬಂತು.